ಹೊಳಿ ದಾಟಿದ ನೌಕರಿ

ಹೋದ ವರ್ಷ ಶ್ರಾವಣದಾಗ ನಮ್ಮ ಅಕ್ಕನ ಮಗಳು ಒಂದು ಅರಿವೆಯ ಚೀಲ ತಂದು ನನ್ನ ಮುಂದೆ ಇಟ್ಟಳು. ಒಳಗೆ ಕನ್ನಡದಲ್ಲಿ ಅಚ್ಚಾದ ನಾಲ್ಕಾರು ತರಬೇತಿ ಪುಸ್ತಕ, ಒಂದು ಗುರುತಿನ ಕಾರ್ಡು, ಮಾಸಿದ ಡೈರಿಗಳು ಇದ್ದವು. ಆಕೆ ಭೀಮಾ ಹೊಳಿಯ ಆಚೆ, ಇಂಡಿ ಸೀಮೆಯ ಒಂದು ಹಳ್ಳಿಯಲ್ಲಿ ಹನ್ನೊಂದು ವರ್ಷ ಆಶಾ ಕಾರ್ಯಕರ್ತೆಯಾಗಿದ್ದವಳು. ಗಂಡ ತೀರಿಕೊಂಡ ಮೇಲೆ ಎರಡು ಮಕ್ಕಳನ್ನು ಕಟ್ಟಿಕೊಂಡು ತವರಿಗೆ ಬಂದಳು. ಕಲಿತ ಕೆಲಸ ಕೈಯಲ್ಲಿದೆ, ಇಲ್ಲಿಯೂ ಅದನ್ನೇ ಮಾಡಿದರಾಯಿತು ಎಂದು ಧೈರ್ಯ ಮಾಡಿ ಒಂದು ಕಚೇರಿಗೆ ಹೋದಳು. ಅಲ್ಲಿದ್ದವರು ಸಿಟ್ಟಿನಿಂದೇನೂ ಮಾತಾಡಲಿಲ್ಲ. "ಅಲ್ಲಿಯ ಕೆಲಸ ಅಲ್ಲಿಗೇ ಮುಗೀತವ್ವಾ. ಇಲ್ಲಿ ಜಾಗ ಖಾಲಿ ಆದ್ರ ಹೊಸಬರಂಗ ಅರ್ಜಿ ಕೊಡು" ಎಂದರಂತೆ.

"ಮಾಮಾ, ಹೊಳಿ ಆಚೆ ಹೆರಿಗಿ ಬ್ಯಾರೆ, ಹೊಳಿ ಈಚೆ ಹೆರಿಗಿ ಬ್ಯಾರೆ ಇರ್ತದೇನ್ರಿ?" ಎಂದು ಕೇಳಿದಳು.

ಕನ್ನಡ ಸಾಲಿಯಲ್ಲಿ ಮೂವತ್ತು ವರ್ಷ ಇತಿಹಾಸ ಕಲಿಸಿದವನು ನಾನು. ಭಾಷಾವಾರು ಪ್ರಾಂತ ರಚನೆಯನ್ನು ಎಷ್ಟೋ ಸಲ ಹಲಗಿ ಮೇಲೆ ಬರೆದು ಅಳಿಸಿದ್ದೇನೆ. ಆದರೂ ಆಕೆಯ ಪ್ರಶ್ನೆಗೆ ಅಂದು ಉತ್ತರ ಹೊಳೆಯಲಿಲ್ಲ. ವಾಚನಾಲಯದವರು ಈ ಸಲದ ಪುಸ್ತಕಕ್ಕೆ ಲೇಖನ ಕೇಳಿದಾಗ, ಅದನ್ನೇ ಹಿಡಿದು ಹಿಂದಕ್ಕೆ ಹೋಗಿ ನೋಡೋಣ ಅನ್ನಿಸಿತು. ನಮ್ಮ ಗಡಿಯಲ್ಲಿ ರೋಗಿಯನ್ನು ನೋಡುವವರಿಗೆ ಧಣಿ ಯಾರಾಗಿದ್ದರು, ಆ ಧಣಿ ಬದಲಾದಾಗ ಅವರ ಗತಿ ಏನಾಯಿತು ಎಂಬುದೇ ಈ ಲೇಖನದ ವಿಷಯ.

ಆಯದ ಕಾಲ

ಮೊದಲು ಊರೇ ಧಣಿ. ನಮ್ಮ ಅಜ್ಜಿ ಹೇಳುತ್ತಿದ್ದ ಪ್ರಕಾರ, ಹೆರಿಗೆ ಮಾಡಿಸುವ ಸೂಲಗಿತ್ತಿಗೆ ರೊಕ್ಕದ ಲೆಕ್ಕವೇ ಇರಲಿಲ್ಲ. ಮೊರದ ತುಂಬ ಜೋಳ, ಒಂದು ಕುಬಸದ ಕಣ, ಗಂಡು ಹುಟ್ಟಿದರೆ ಸೀರೆ, ಸುಗ್ಗಿಯಲ್ಲಿ ಕಣದಿಂದ ಒಂದಿಷ್ಟು ಕಾಳು. ಬಡಗಿ, ಕಂಬಾರ, ನಾವಿದ ಇವರಿಗೆ ಆಯ ಸಿಕ್ಕಂತೆಯೇ ಇದೂ. ಮರಾಠಿಯವರು ಬಲುತೆ ಅಂದರು, ನಾವು ಆಯ ಅಂದೆವು, ಪದ್ಧತಿ ಒಂದೇ.

ಆ ಕಾಲ ಬಲು ಚೆಂದಿತ್ತು ಎಂದು ಬರೆಯಲು ನನಗೆ ಮನಸ್ಸಿಲ್ಲ. ಹೊಕ್ಕಳ ಬಳ್ಳಿ ಕೊಯ್ಯುವುದು ಮೈಲಿಗೆಯ ಕೆಲಸವೆಂದು ಅದನ್ನು ಕೆಳಗಿನವರೆನಿಸಿದವರ ಪಾಲಿಗೆ ಬಿಟ್ಟಿದ್ದರು. ನಡುರಾತ್ರಿ ಕರೆ ಬಂದರೆ ಒಲ್ಲೆ ಅನ್ನುವಂತಿರಲಿಲ್ಲ. ಮಳಿ ಹೋಗಿ ಬರ ಬಿದ್ದರೆ ಆಯವೂ ಹೋಯಿತು. ಕೂಸು ಸತ್ತರೆ ಮಾತು ಕೇಳುವವಳೂ ಅವಳೇ. ಆದರೆ ಒಂದು ಸಂಗತಿ ಮಾತ್ರ ನಿಜ. ಧಣಿ ಯಾರೆಂದು ಅವಳಿಗೆ ಗೊತ್ತಿತ್ತು. ಆಯ ಕೊಡದಿದ್ದರೆ ಯಾರ ಕಟ್ಟೆಯ ಮುಂದೆ ಹೋಗಿ ನಿಲ್ಲಬೇಕೆಂಬುದೂ ಗೊತ್ತಿತ್ತು.

ಇಂಗ್ಲಿಷರ ಕಾಲದಲ್ಲಿ ಎರಡನೆಯ ಧಣಿ ಬಂದ. ಸಿಡುಬನ್ನು ನಮ್ಮಲ್ಲಿ ದೇವಿ ಅನ್ನುತ್ತಿದ್ದರಿಂದ, ಲಸಿಕೆ ಹಾಕಲು ಬರುವ ಸರಕಾರಿ ನೌಕರನಿಗೆ ದೇವಿ ಡಾಕ್ಟರ್ ಎಂದೇ ಹೆಸರಾಯಿತು. ಡಾಕ್ಟರಕಿ ಓದದಿದ್ದರೂ ಅವನು ಪಗಾರದವನು. 1885ರಲ್ಲಿ ವೈಸರಾಯರ ಹೆಂಡತಿ ಲೇಡಿ ಡಫರಿನ್ ಹೆಸರಿನಲ್ಲಿ ಒಂದು ನಿಧಿ ಕೂಡಿತು. ಹೆಣ್ಣುಮಕ್ಕಳಿಗೆ ಹೆಣ್ಣು ಡಾಕ್ಟರು, ದಾಯಿ, ನರ್ಸುಗಳನ್ನು ತಯಾರು ಮಾಡುವುದು ಅದರ ಉದ್ದೇಶ. ಸೊಲ್ಲಾಪುರಕ್ಕೆ ಹೋದಾಗಲೆಲ್ಲ ನಾವು ಡಫರಿನ್ ಚೌಕ ದಾಟುತ್ತೇವಲ್ಲ, ಅದು ಇದೇ ಹೆಸರು.

ಆಗ ನಮ್ಮ ಸುತ್ತಲೂ ಸರಕಾರಗಳೂ ಹಲವು. ಸೊಲ್ಲಾಪುರ, ವಿಜಾಪುರ ಎರಡೂ ಮುಂಬಯಿ ಇಲಾಖೆಯವು. ಅಕ್ಕಲಕೋಟೆಗೆ ಬೇರೆ ರಾಜರು, ಜತ್ತಕ್ಕೆ ಬೇರೆ ರಾಜರು. ಆಳಂದ, ತುಳಜಾಪುರದ ಕಡೆ ನಿಜಾಮ. ಇಂದು ಗಡಿ ಅನ್ನಿಸಿಕೊಂಡ ಭೀಮಾ ಹೊಳಿ ನಮಗೂ ಇಂಡಿಗೂ ನಡುವೆ ಆಗ ಬರೀ ಹೊಳಿ. ಆಚೆಯ ಕಂಪೌಂಡರ್ ಈಚೆಗೆ ಬದಲಿಯಾಗಿ ಬಂದರೆ ಪಗಾರ ಕೊಡುವ ಸರಕಾರ ಅದೇ, ಸೇವೆಯ ಲೆಕ್ಕವೂ ಅದೇ. ಈ ಮಾತನ್ನು ನೆನಪಿನಲ್ಲಿಡಿ. ನಮ್ಮ ಅಕ್ಕನ ಮಗಳಿಗೆ ಆದದ್ದು ಆ ಕಾಲದಲ್ಲಿ ಪಗಾರದ ನೌಕರನಿಗೆ ಆಗುತ್ತಿರಲಿಲ್ಲ.

1956ರ ಕಾಯ್ದೆ ಕೊಟ್ಟ ಮಾತು

1948ರಲ್ಲಿ ಅಕ್ಕಲಕೋಟೆ ಸಂಸ್ಥಾನ ಮುಂಬಯಿ ಪ್ರಾಂತದಲ್ಲಿ ಕೂಡಿತು. 1956ರ ನವೆಂಬರ್ 1ರಂದು ವಿಜಾಪುರ, ಧಾರವಾಡ, ಉತ್ತರ ಕನ್ನಡ, ಚಂದಗಡ ಬಿಟ್ಟು ಉಳಿದ ಬೆಳಗಾವಿ ಜಿಲ್ಲೆಗಳು ಮುಂಬಯಿ ರಾಜ್ಯ ಬಿಟ್ಟು ಮೈಸೂರು ರಾಜ್ಯಕ್ಕೆ ಹೋದವು. ಹೈದರಾಬಾದಿನ ಕಲಬುರ್ಗಿ, ರಾಯಚೂರು ಕೂಡ ಹೋದವು. ಸೊಲ್ಲಾಪುರ ಮುಂಬಯಿಯಲ್ಲೇ ಉಳಿಯಿತು. 1960ರ ಮೇ 1ರಿಂದ ಅದು ಮಹಾರಾಷ್ಟ್ರ. ಈ ಹಂಚಿಕೆ ಸರಿಯೋ ತಪ್ಪೋ ಎಂಬ ವಾದವನ್ನು ನಾವು ಚಹಾದ ಅಂಗಡಿಯಲ್ಲಿ ಇಂದಿಗೂ ಮಾಡುತ್ತೇವೆ. ಅದನ್ನು ಇಲ್ಲಿ ಬಿಡುತ್ತೇನೆ. ನಾನು ಹೇಳಹೊರಟದ್ದು ಅಂದು ದವಾಖಾನೆಯಲ್ಲಿ ಕುಳಿತಿದ್ದವರ ಮಾತು.

ಇಂಡಿಯಲ್ಲಿದ್ದ ಸರಕಾರಿ ಕಂಪೌಂಡರ್ ಅಕ್ಟೋಬರ್ 31ರಂದು ಯಾವ ಮೇಜಿನ ಮುಂದೆ ಕುಳಿತಿದ್ದನೋ ನವೆಂಬರ್ 1ರಂದೂ ಅದೇ ಮೇಜಿನ ಮುಂದೆ ಕುಳಿತ. ಅದೇ ಬಾಟಲಿ, ಅದೇ ಕೆಂಪು ಔಷಧ. ಪಗಾರ ಕೊಡುವ ಸರಕಾರ ಮಾತ್ರ ರಾತ್ರೋರಾತ್ರಿ ಬೇರೆಯಾಗಿತ್ತು. ಅವನ ಹಿಂದಿನ ಸೇವೆಯ ಗತಿ ಏನು? ಪಿಂಚಣಿ ಯಾರು ಕೊಡಬೇಕು? ಈ ಪ್ರಶ್ನೆ ಏಳುತ್ತದೆಂದು ಕಾಯ್ದೆ ಬರೆದವರಿಗೆ ಗೊತ್ತಿತ್ತು. 1956ರ ರಾಜ್ಯ ಪುನರ್ವಿಂಗಡಣಾ ಕಾಯ್ದೆಯ 115ನೆಯ ಕಲಮನ್ನು ಇದಕ್ಕೇ ಇಟ್ಟರು. ಯಾವ ನೌಕರ ಯಾವ ರಾಜ್ಯಕ್ಕೆ ಎಂದು ಕೇಂದ್ರ ಸರಕಾರ ಹಂಚಬೇಕು. ಹಂಚಿಕೆಯಾದ ನೌಕರನಿಗೆ ಮೊದಲಿದ್ದ ಸೇವಾ ಷರತ್ತುಗಳನ್ನು, ಕೇಂದ್ರದ ಒಪ್ಪಿಗೆ ಮುಂಚಿತವಾಗಿ ಪಡೆಯದೆ, ಅವನಿಗೆ ನಷ್ಟವಾಗುವಂತೆ ಹೊಸ ರಾಜ್ಯ ಬದಲಿಸಕೂಡದು. ಗಡಿ ಸರಿದದ್ದು ನೌಕರನ ತಪ್ಪಲ್ಲ, ಅದಕ್ಕೆ ಅವನು ದಂಡ ತೆರಬಾರದು ಎಂಬುದು ಇದರ ತಾತ್ಪರ್ಯ.

ಕಾಯ್ದೆಯಲ್ಲಿ ಬರೆದದ್ದೆಲ್ಲ ಹಾಗೇ ಕೈಗೆ ಸಿಗಲಿಲ್ಲ. ಹೊಸ ಮೈಸೂರು ರಾಜ್ಯಕ್ಕೆ ಬಂದ ಸ್ಯಾನಿಟರಿ ಇನ್ಸ್‌ಪೆಕ್ಟರ್‌ಗಳ ಕಥೆ ಇದಕ್ಕೆ ಸಾಕ್ಷಿ. ಊರೂರು ತಿರುಗಿ ಬಾವಿ ನೀರು, ಸಂತೆ, ಜಾತ್ರೆ, ಕಾಲರಾ ನೋಡಿಕೊಳ್ಳುತ್ತಿದ್ದವರು ಇವರು. ಮೊದಲು ಇವರ ಹಿರಿತನದ ಯಾದಿ ಜಿಲ್ಲೆಗೊಂದರಂತೆ ಇತ್ತು. ಹೊಸ ರಾಜ್ಯ ಅದನ್ನು ಇಡೀ ರಾಜ್ಯಕ್ಕೆ ಒಂದೇ ಯಾದಿಯಾಗಿ ಮಾಡಿತು. ಜಿಲ್ಲೆಯಲ್ಲಿ ಮೇಲಿದ್ದವರು ರಾಜ್ಯದ ಯಾದಿಯಲ್ಲಿ ಬಲು ಕೆಳಗೆ ಬಿದ್ದರು. ಬಡ್ತಿ ದೂರವಾಯಿತು. 115ನೆಯ ಕಲಮನ್ನು ಹಿಡಿದು ಕೋರ್ಟಿಗೆ ಹೋದರು. ಪ್ರಕರಣ ಸುಪ್ರೀಂ ಕೋರ್ಟಿನ ತನಕ ಏರಿ, 1967ರ ಜನವರಿ 25ರಂದು ತೀರ್ಪಾಯಿತು. ನ್ಯಾಯಮೂರ್ತಿ ವಾಂಚೂ ಅವರು ಬರೆದ ಆ ತೀರ್ಪಿನ ಸಾರ ಇಷ್ಟು: ಬಡ್ತಿ ಸಿಗುವ ಅವಕಾಶ ಎಂಬುದು ಸೇವಾ ಷರತ್ತಿನೊಳಗೆ ಬರುವುದಿಲ್ಲ. ಇನ್ಸ್‌ಪೆಕ್ಟರ್‌ಗಳು ಸೋತರು. ನೌಕರರ ಹಿರಿತನದ ಬೇರೆ ಬೇರೆ ವ್ಯಾಜ್ಯಗಳಲ್ಲಿ ವಕೀಲರು ಆ ಮಾತನ್ನು ಮುಂದೆಯೂ ಎತ್ತಿ ಹೇಳುತ್ತ ಬಂದರು.

ಸೋತರು ನಿಜ. ಆದರೆ ಎಷ್ಟು ದೂರ ಹೋಗಿ ಸೋತರು ನೋಡಿ. ಅವರಿಗೆ ಹಿಡಿಯಲು ಒಂದು ಕಲಮು ಇತ್ತು, ನಿಲ್ಲಲು ಒಂದು ಕೋರ್ಟು ಇತ್ತು. ಪಗಾರವೂ ಪಿಂಚಣಿಯೂ ಅವರ ಕೈ ತಪ್ಪಲಿಲ್ಲ. ಅವರು ನೌಕರರು ಎಂಬ ಬಗ್ಗೆ ಯಾರೂ ತಕರಾರು ತೆಗೆಯಲಿಲ್ಲ.

ನೌಕರಿ ಹೋಗಿ ಸೇವೆ ಬಂತು

ಸ್ವಾತಂತ್ರ್ಯ ಬರುವ ಮೊದಲೇ, 1946ರಲ್ಲಿ, ಸರ್ ಜೋಸೆಫ್ ಭೋರ್ ಅವರ ಸಮಿತಿ ಹಳ್ಳಿ ಹಳ್ಳಿಗೆ ಸರಕಾರಿ ಆರೋಗ್ಯ ಕೇಂದ್ರಗಳ ಜಾಲ ಬೇಕೆಂದು ಹೇಳಿತ್ತು. ಮುಂದಿನ ವರ್ಷಗಳಲ್ಲಿ ಪ್ರಾಥಮಿಕ ಆರೋಗ್ಯ ಕೇಂದ್ರಗಳು, ಉಪಕೇಂದ್ರಗಳು ಬಂದವು. ನಮ್ಮ ಹೆಣ್ಣುಮಕ್ಕಳು ನರ್ಸಬಾಯಿ ಎಂದು ಕರೆದ ಎ.ಎನ್.ಎಂ. ಬಂದಳು. ಬಿಳಿ ಸೀರೆ, ಕೈಯಲ್ಲಿ ಪೆಟ್ಟಿಗೆ, ತಿಂಗಳಿಗೆ ಪಗಾರ, ಬದಲಿ, ರಜೆ, ಕೊನೆಗೆ ಪಿಂಚಣಿ. ಸೂಲಗಿತ್ತಿಯ ಕೆಲಸ ಮೊದಲ ಸಲ ನೌಕರಿಯಾಯಿತು.

ಆದರೆ ಐದು ಸಾವಿರ ಜನಕ್ಕೆ ಒಬ್ಬ ನರ್ಸಬಾಯಿ ಎಲ್ಲಿಗೆ ಮುಟ್ಟಬೇಕು? 1977ರ ಅಕ್ಟೋಬರ್ 2ರಂದು ಸರಕಾರ ಹೊಸ ದಾರಿ ಹಿಡಿಯಿತು. ಸಾವಿರ ಜನಕ್ಕೆ ಒಬ್ಬರಂತೆ ಊರವರನ್ನೇ ಆರಿಸಿ, ಮೂರು ತಿಂಗಳು ಕಲಿಸಿ, ತಿಂಗಳಿಗೆ 50 ರೂಪಾಯಿ ಗೌರವಧನ ಕೊಟ್ಟು ಆರೋಗ್ಯ ಕಾರ್ಯಕರ್ತರನ್ನಾಗಿ ಮಾಡಿತು. ಕೆಲವೇ ವರ್ಷಗಳಲ್ಲಿ ಕಾರ್ಯಕರ್ತ ಎಂಬ ಹೆಸರು ತೆಗೆದು ಸ್ವಯಂಸೇವಕ ಎಂದಿತು, ಆಮೇಲೆ ಮಾರ್ಗದರ್ಶಿ ಎಂದಿತು. ಹೆಸರು ಬದಲಿಸಿದ್ದು ಸುಮ್ಮನೆ ಅಲ್ಲ. ಕೆಲಸಗಾರ ಅಂದರೆ ಪಗಾರ ಕೇಳುತ್ತಾನೆ. ಸ್ವಯಂಸೇವಕ ಅಂದರೆ ಏನು ಕೇಳಬೇಕು?

2005ರ ಏಪ್ರಿಲ್ 12ರಂದು ಶುರುವಾದ ರಾಷ್ಟ್ರೀಯ ಗ್ರಾಮೀಣ ಆರೋಗ್ಯ ಅಭಿಯಾನದಲ್ಲಿ ಆಶಾ ಬಂದದ್ದು ಇದೇ ಜಾಡಿನಲ್ಲಿ. ಆಕೆ ಆ ಊರಿನ ಸೊಸೆಯೋ ಮಗಳೋ ಆಗಿ ಅಲ್ಲಿಯೇ ಇರುವವಳಾಗಿರಬೇಕು. ಕಾಗದದ ಮೇಲೆ ಆಕೆ ಸ್ವಯಂಸೇವಕಿ. ಮಾಡಿದ ಒಂದೊಂದು ಕೆಲಸಕ್ಕೆ ಒಂದೊಂದು ದರ, ಅದರ ಮೇಲೆ ರಾಜ್ಯ ಸರಕಾರ ಕೊಟ್ಟಷ್ಟು ಗೌರವಧನ. ಇಲ್ಲಿ ಗಡಿ ಬರುತ್ತದೆ. ಕೇಂದ್ರದ ದರ ಎರಡೂ ದಂಡೆಗೆ ಒಂದೇ. ರಾಜ್ಯ ಕೊಡುವುದು ಮಾತ್ರ ಬೇರೆ ಬೇರೆ. ಅದಕ್ಕೇ ಹೋರಾಟಗಳೂ ಬೇರೆ ಬೇರೆ ನಡೆದವು. ಕರ್ನಾಟಕದ ಆಶಾಗಳು 2020ರ ಜುಲೈನಲ್ಲಿ ತಿಂಗಳಿಗೆ 12,000 ರೂಪಾಯಿ ಕೇಳಿ ಕೆಲಸ ನಿಲ್ಲಿಸಿದರು. ಮಹಾರಾಷ್ಟ್ರದವರು 2021ರ ಜೂನ್‌ನಲ್ಲಿ ಮುಷ್ಕರ ಹೂಡಿದರು. ಮತ್ತೆ ಕುಳಿತು ಹೋರಾಡಿ, 2024ರ ಮಾರ್ಚ್‌ನಲ್ಲಿ ರಾಜ್ಯದ ಪಾಲಿನಲ್ಲಿ 5,000 ರೂಪಾಯಿಯ ಏರಿಕೆ ಪಡೆದರು. 2025ರ ಜನವರಿಯಲ್ಲಿ ಬೆಂಗಳೂರಿನ ಚಳಿಯಲ್ಲಿ ನಾಲ್ಕು ದಿನ ಕುಳಿತ ಕರ್ನಾಟಕದವರಿಗೆ ಮುಖ್ಯಮಂತ್ರಿಗಳು 10,000 ರೂಪಾಯಿಯ ಭರವಸೆ ಕೊಟ್ಟರು. 2013ರಲ್ಲೇ 45ನೆಯ ಭಾರತೀಯ ಕಾರ್ಮಿಕ ಸಮ್ಮೇಳನ, ಇಂಥ ಯೋಜನೆಗಳಲ್ಲಿ ದುಡಿಯುವವರನ್ನು ಕಾರ್ಮಿಕರೆಂದು ಒಪ್ಪಿ ಕನಿಷ್ಠ ಕೂಲಿ ಕೊಡಬೇಕೆಂದು ಶಿಫಾರಸು ಮಾಡಿತ್ತು. ಶಿಫಾರಸು ಶಿಫಾರಸಾಗಿಯೇ ಉಳಿಯಿತು.

ಎರಡು ದಂಡೆಯ ಲೆಕ್ಕ

ಮಂದ್ರೂಪದಿಂದ ವಿಜಯಪುರದ ದಾರಿ ಹಿಡಿದರೆ ಟಾಕಳಿ, ಆಮೇಲೆ ಭೀಮಾ, ಆಚೆ ದಂಡೆಗೆ ಧೂಳಖೇಡ. ಈ ದಾರಿಯಲ್ಲಿ ನಮ್ಮ ಎಷ್ಟು ಹೆಣ್ಣುಮಕ್ಕಳು ಆಚೆ ಹೋಗಿದ್ದಾರೆ, ಆಚೆಯವರು ಎಷ್ಟು ಮಂದಿ ಸೊಸೆಯರಾಗಿ ಈಚೆ ಬಂದಿದ್ದಾರೆ ಎಂದು ಮನೆ ಮನೆಯಲ್ಲಿ ಎಣಿಸಿಕೊಳ್ಳಿ. ಚೊಚ್ಚಲ ಬಾಣಂತನ ತವರಿನಲ್ಲಿ ಆಗಬೇಕೆಂಬ ರೂಢಿ ಯಾವ ಸರಕಾರವನ್ನೂ ಕೇಳುವುದಿಲ್ಲ.

ಅಕ್ಕನ ಮಗಳು ತನ್ನ ಡೈರಿ ತೆಗೆದು ಈ ಲೆಕ್ಕವನ್ನು ನನಗೆ ತಿಳಿಸಿಕೊಟ್ಟಳು. ಜನನಿ ಸುರಕ್ಷಾ ಯೋಜನೆಯಲ್ಲಿ ಹಳ್ಳಿಯ ಆಶಾಗೆ ಒಂದು ಹೆರಿಗೆಗೆ 600 ರೂಪಾಯಿ. ಗರ್ಭಿಣಿಯ ತಪಾಸಣೆಗಳನ್ನು ಮಾಡಿಸಿದ್ದಕ್ಕೆ 300, ದವಾಖಾನೆಯಲ್ಲಿ ಹೆರಿಗೆಯಾಗುವಂತೆ ನೋಡಿಕೊಂಡಿದ್ದಕ್ಕೆ 300. ಕೂಸು ಹುಟ್ಟಿದ ಮೇಲೆ 3, 7, 14, 21, 28, 42ನೆಯ ದಿನ ಮನೆಗೆ ಹೋಗಿ ನೋಡಿದರೆ 250. ಏಳು ತಿಂಗಳು ಆಕೆ ನೋಡಿಕೊಂಡ ಸೊಸೆ ಕುಬಸ ಮುಗಿಸಿ ಸೊಲ್ಲಾಪುರದ ಕಡೆಯ ತವರಿಗೆ ಹೋದಳು ಅಂದರೆ, ಮುಂದಿನ ಹೆರಿಗೆಯ ಪಾಲು, ಕೂಸಿನ ಪಾಲು ಆಕೆಯ ಲೆಕ್ಕದಿಂದ ಹೋದಂತೆ. ಈಚೆಯ ಆಶಾಗೆ ಇದ್ದಕ್ಕಿದ್ದಂತೆ ದಿನ ತುಂಬಿದ ಬಸುರಿಯೊಬ್ಬಳು ಬಂದಂತೆ. ಆಕೆಯ ತಾಯಿ ಕಾರ್ಡಿನಲ್ಲಿ ಎಲ್ಲ ಕನ್ನಡ, ಇಲ್ಲಿಯ ದವಾಖಾನೆಯ ದಾಖಲೆಯೆಲ್ಲ ಮರಾಠಿ.

"ರೊಕ್ಕದ ಮಾತ ಬಿಡ್ರಿ ಮಾಮಾ. ಆಕಿಗೆ ಆರನೇ ತಿಂಗಳಾಗ ಬಿಪಿ ಏರಿತ್ತು. ಅದನ್ನ ಈ ಕಡಿಯವ್ರಿಗೆ ಯಾರ ಹೇಳಬೇಕು? ನಾನ ಫೋನ್ ಹಚ್ಚಿ ಹೇಳತಿದ್ದೆ" ಎಂದಳು. ಎರಡು ಸರಕಾರಗಳ ನಡುವಿನ ಕೆಲಸ ಹೀಗೆ ಆಕೆಯ ಸ್ವಂತ ರೊಕ್ಕದ ಫೋನಿನ ಮೇಲೆ ನಡೆದಿತ್ತು. ಆ ಕೆಲಸಕ್ಕೆ ದರಪಟ್ಟಿಯಲ್ಲಿ ಜಾಗವಿಲ್ಲ.

2020ರ ಮಾರ್ಚ್‌ನಲ್ಲಿ ಕೊರೋನಾ ಬಂದು ರಾಜ್ಯಗಳು ಗಡಿ ಮುಚ್ಚಿದವು. ಕಾಸರಗೋಡಿನ ಕನ್ನಡಿಗರು ತಲಪಾಡಿಯಲ್ಲಿ ಇದನ್ನು ನಮಗಿಂತ ಕಠಿಣವಾಗಿ ಉಂಡರು. ಮಂಗಳೂರಿನ ದವಾಖಾನೆಗಳನ್ನೇ ನಂಬಿದ ಆ ಸೀಮೆಯ ದಾರಿಗಳಿಗೆ ಮಣ್ಣು ಸುರಿದರು. ರೋಗಿಗಳಿಗೆ ದಾರಿ ಬಿಡಿಸಲು ಕೇರಳ ಹೈಕೋರ್ಟು ಏಪ್ರಿಲ್ 1ರಂದು ಆದೇಶ ಮಾಡಬೇಕಾಯಿತು. ನಮ್ಮ ಭೀಮಾ ದಂಡೆಯಲ್ಲಿ ಅಕ್ಕನ ಮಗಳು ಮುಂಬಯಿ, ಪುಣೆಯಿಂದ ಹೊಳ್ಳಿ ಬಂದವರ ಮನೆ ಮನೆಗೆ ಹೋಗಿ ಜ್ವರ ಕೇಳುತ್ತಿದ್ದಳು. ಆಗ ಕೇಂದ್ರ ಸರಕಾರ ಆರೋಗ್ಯದವರಿಗೆಲ್ಲ 50 ಲಕ್ಷ ರೂಪಾಯಿಯ ವಿಮೆ ಸಾರಿತು. ಅದರಲ್ಲಿ ಆಶಾಗಳನ್ನೂ ಸೇರಿಸಿತು. ಸತ್ತರೆ ಪರಿಹಾರಕ್ಕೆ ಆರೋಗ್ಯ ಕಾರ್ಯಕರ್ತೆ, ಬದುಕಿದ್ದರೆ ಪಗಾರಕ್ಕೆ ಸ್ವಯಂಸೇವಕಿ! 2022ರ ಮೇ ತಿಂಗಳಲ್ಲಿ ವಿಶ್ವ ಆರೋಗ್ಯ ಸಂಸ್ಥೆ ದೇಶದ ಎಲ್ಲ ಆಶಾಗಳಿಗೆ ಕೂಡಿ ಜಾಗತಿಕ ಪ್ರಶಸ್ತಿ ಕೊಟ್ಟಿತು. ಆ ದಿನದ ಪೇಪರಿನ ತುಣುಕು ಈಗಲೂ ಆಕೆಯ ಚೀಲದಲ್ಲಿದೆ.

ದೂರ ಹೋದವರು

ದೂರದ ಗಡಿ ದಾಟಿದವರ ಮಾತನ್ನೂ ಸ್ವಲ್ಪ ಹೇಳಬೇಕು. ಸೊಲ್ಲಾಪುರದಲ್ಲಿ 1910ರಲ್ಲಿ ಹುಟ್ಟಿದ ಡಾ. ದ್ವಾರಕಾನಾಥ ಕೋಟ್ನಿಸ್ ನಮ್ಮ ಸಾಲಿ ಮಕ್ಕಳಿಗೆಲ್ಲ ಗೊತ್ತು. ಜಪಾನಿನ ದಾಳಿಗೆ ಸಿಕ್ಕ ಚೀನಾಕ್ಕೆ 1938ರಲ್ಲಿ ಹೋದ ಐದು ಮಂದಿ ಡಾಕ್ಟರರಲ್ಲಿ ಅವರೊಬ್ಬರು. ಉಳಿದವರು ಹೊಳ್ಳಿ ಬಂದರು, ಅವರು ಬರಲಿಲ್ಲ. ಅಲ್ಲಿಯೇ ನರ್ಸಿಂಗ್ ಕಲಿಸುತ್ತಿದ್ದ ಗುವೊ ಚಿಂಗ್‌ಲಾನ್ ಅವರನ್ನು ಮದುವೆಯಾಗಿ, 1942ರ ಡಿಸೆಂಬರ್ 9ರಂದು, 32ನೆಯ ವಯಸ್ಸಿನಲ್ಲಿ ಅಲ್ಲಿಯೇ ತೀರಿಕೊಂಡರು. ಅದು ಸೇವೆ, ಅವರೇ ಒಪ್ಪಿ ಮಾಡಿದ ಸೇವೆ. ಎರಡು ಮಕ್ಕಳನ್ನು ಸಾಕಬೇಕಾದ ವಿಧವೆಗೆ ಸೇವೆ ಎಂಬ ಅದೇ ಮಾತನ್ನು ಹೇಳಿ ಕೂಲಿ ಕಡಿಮೆ ಮಾಡುವುದು ಬೇರೆ.

ಇಂದು ಕೊಲ್ಲಿಯ ದೇಶಗಳಿಗೆ ನರ್ಸುಗಳಾಗಿ ಹೋಗುವ ಹುಡುಗಿಯರಿದ್ದಾರೆ. ದಲ್ಲಾಳಿಗಳು ಅವರಿಂದ ಲಕ್ಷಗಟ್ಟಲೆ ಸುಲಿಯುತ್ತಾರೆಂದು 2015ರಲ್ಲಿ ಕೇಂದ್ರ ಸರಕಾರ, ಅಂಥ ದೇಶಗಳಿಗೆ ಹೋಗುವ ನರ್ಸುಗಳ ನೇಮಕಾತಿ ಸರಕಾರಿ ಸಂಸ್ಥೆಗಳ ಮೂಲಕವೇ ಆಗಬೇಕು, ವಲಸೆಯ ಪರವಾನಗಿ ಬೇಕು ಎಂದು ನಿಯಮ ಮಾಡಿತು. 2010ರಲ್ಲಿ ವಿಶ್ವ ಆರೋಗ್ಯ ಸಂಸ್ಥೆಯ ಸಭೆ, ಹೊರಗಿಂದ ಬಂದ ಆರೋಗ್ಯ ನೌಕರರನ್ನು ಅಲ್ಲಿಯವರ ಸಮನಾಗಿ ನಡೆಸಿಕೊಳ್ಳಬೇಕೆಂದು ಒಂದು ಸಂಹಿತೆಯನ್ನೇ ಒಪ್ಪಿತು. ಅದು ಕಡ್ಡಾಯವಲ್ಲ, ಸರಿ. ಆದರೂ ಸಮುದ್ರ ದಾಟುವವರ ಬಗ್ಗೆ ಜಗತ್ತು ಇಷ್ಟಾದರೂ ಬರೆದಿಟ್ಟಿದೆ. ಒಂದು ಹೊಳಿ ದಾಟಿ ತವರಿಗೆ ಬರುವ ಆಶಾಗೆ, ಸ್ವಯಂಸೇವಕಿ ಎಂಬ ಹೆಸರಿರುವ ತನಕ, ವರ್ಗಾವಣೆಯೂ ಇಲ್ಲ, ಸೇವಾ ಪುಸ್ತಕವೂ ಇಲ್ಲ.

ಸಾಲಿಯ ಮಾಸ್ತರರಿಗೆ ಇನ್ನೊಂದು ಸಂಗತಿ ಗೊತ್ತಿರಲಿ. ದಕ್ಷಿಣ ಸೊಲ್ಲಾಪುರ, ಅಕ್ಕಲಕೋಟೆ, ಜತ್ತ ತಾಲೂಕುಗಳಲ್ಲಿ ಓದಿದ ಕನ್ನಡ ಮಕ್ಕಳಿಗೆ ಕರ್ನಾಟಕದ ವೃತ್ತಿ ಶಿಕ್ಷಣದ ಸಿಇಟಿಯಲ್ಲಿ ಗಡಿನಾಡ ಕನ್ನಡಿಗರೆಂದು ಅರ್ಹತೆಯ ಕಲಮು ಇದೆ. ಅಂದರೆ ಓದಲು ಗಡಿ ದಾಟುವವರ ಬಗ್ಗೆ ಒಂದು ಸರಕಾರ ವಿಚಾರ ಮಾಡಿದೆ. ದುಡಿದು ಹೊಳ್ಳಿ ಬರುವವರ ಬಗ್ಗೆಯೂ ಮಾಡಬಹುದು.

ಚೀಲದೊಳಗಿನ ಪುಸ್ತಕ

ನಮ್ಮ ವಾಚನಾಲಯದ ಹಿರಿಯರೊಬ್ಬರು ಈ ಮಾತಿಗೆ ಅಡ್ಡ ಬಂದರು. "ಆಶಾ ಅಂದ್ರ ಆ ಊರಿನಾಕಿನೇ ಇರಬೇಕ್ರಿ. ಬದಲಿ ಮಾಡಾಕ ಆಕಿ ತಹಶೀಲ್ದಾರಳೇನು?" ಅವರ ಮಾತು ಖರೆ. ಮನೆಯೊಳಗೆ ಕರೆದು ಕೂಡ್ರಿಸುವಷ್ಟು ಗುರುತಿನವಳಾಗದಿದ್ದರೆ ಆ ಕೆಲಸ ನಡೆಯುವುದಿಲ್ಲ. ಇರುವವಳನ್ನು ತೆಗೆದು ನಮ್ಮ ಹುಡುಗಿಯನ್ನು ಹಾಕಿರೆಂದು ನಾನೂ ಕೇಳುವುದಿಲ್ಲ. ಕೇಳುವುದು ಇಷ್ಟೇ: ಜಾಗ ಖಾಲಿಯಾದಾಗ ಹನ್ನೊಂದು ವರ್ಷದ ಅನುಭವವನ್ನು ಶೂನ್ಯವೆಂದು ಎಣಿಸಬೇಡಿ. ಗ್ರಾಮಸಭೆಯಲ್ಲಿ ಇದನ್ನು ಠರಾವು ಮಾಡಿ ಮೇಲಕ್ಕೆ ಕಳಿಸಲು ನಮಗೆ ಯಾರ ಅಪ್ಪಣೆಯೂ ಬೇಕಿಲ್ಲ. 1956ರಲ್ಲಿ ಪಗಾರದ ನೌಕರರಿಗೆ ಕೊಟ್ಟ ಮಾತನ್ನು ಸ್ವಯಂಸೇವಕಿಯರಿಗೂ ಕೊಡಿ ಎಂದು ಕೇಳಿದಂತಾಗುತ್ತದೆ.

ಇನ್ನು ಆ ಚೀಲದ ಮಾತು. ಅದರಲ್ಲಿದ್ದ ಕೂಸಿನ ಆರೈಕೆಯ ಪುಸ್ತಕ ಓದುತ್ತ ಹೋದೆ. ಕೂಸನ್ನು ಹೇಗೆ ಬೆಚ್ಚಗಿಡಬೇಕು, ಉಸಿರು ಹೇಗೆ ಎಣಿಸಬೇಕು, ತೂಕ ಹೇಗೆ ನೋಡಬೇಕು ಎಲ್ಲ ಇತ್ತು. ಈ ವಿದ್ಯೆ ಹುಟ್ಟಿದ್ದೇ ಮಹಾರಾಷ್ಟ್ರದಲ್ಲಿ. ಗಡಚಿರೋಲಿಯಲ್ಲಿ ಡಾ. ಅಭಯ ಮತ್ತು ರಾಣಿ ಬಂಗ್ ದಂಪತಿ 39 ಹಳ್ಳಿಗಳಲ್ಲಿ ಹಳ್ಳಿಯ ಹೆಂಗಸರಿಗೇ ಇದನ್ನು ಕಲಿಸಿದರು. ಅಲ್ಲಿ ಹಸುಗೂಸುಗಳ ಸಾವು ಶೇಕಡಾ 62ರಷ್ಟು ಕಡಿಮೆಯಾಯಿತೆಂದು 1999ರಲ್ಲಿ ಜಗತ್ತಿಗೆ ತೋರಿಸಿದರು. ಆಮೇಲೆ ಅದು ದೇಶದ ಆಶಾಗಳೆಲ್ಲರ ಪಾಠವಾಯಿತು, ಕನ್ನಡಕ್ಕೆ ಬಂತು, ಭೀಮಾ ದಾಟಿ ಇಂಡಿ ಸೀಮೆಯ ಒಂದು ಹಳ್ಳಿಗೆ ಮುಟ್ಟಿತು. ಮಹಾರಾಷ್ಟ್ರದ ವಿದ್ಯೆ ಕರ್ನಾಟಕದಲ್ಲಿ ನಡೆಯಿತು. ಅದನ್ನು ಕಲಿತವಳು ಮಹಾರಾಷ್ಟ್ರಕ್ಕೆ ಹೊಳ್ಳಿ ಬಂದಾಗ ಹೊಸಬಳಾದಳು.

ಈಗ ಆಕೆ ಸೊಲ್ಲಾಪುರದ ಒಂದು ಖಾಸಗಿ ದವಾಖಾನೆಯಲ್ಲಿ ಆಯಾ ಆಗಿದ್ದಾಳೆ. ಹನ್ನೆರಡು ತಾಸಿನ ಪಾಳಿ, ಕೈಗೆ ನೇಮಕದ ಕಾಗದವಿಲ್ಲ. ಸಂಜೆ ಬಸ್ಸಿಳಿದು ಮನೆಗೆ ಬರುವಾಗ ಓಣಿಯ ಬಾಣಂತಿಯರು ಕೂಸು ಎತ್ತಿಕೊಂಡು ಬಾಗಿಲಿಗೆ ಬರುತ್ತಾರೆ. ತನ್ನ ಪುಸ್ತಕಗಳನ್ನು ಆಕೆ ವಾಚನಾಲಯಕ್ಕೆ ಕೊಟ್ಟಳು. ಎರಡನೆಯ ಕಪಾಟಿನಲ್ಲಿ ಇಟ್ಟಿದ್ದೇವೆ. ಮೊದಲು ಅವನ್ನು ಎರವಲು ಒಯ್ದವಳು ನಮ್ಮ ಕಡೆಯ ಒಬ್ಬ ಆಶಾ. ತರಬೇತಿಯೆಲ್ಲ ಮರಾಠಿಯಲ್ಲಾಗಿತ್ತು, ಮನೆಮಾತು ಕನ್ನಡ. "ಇಷ್ಟ ದಿನ ಅರ್ಧ ತಿಳಿದಿತ್ತ್ರಿ ಗುರುಗಳ, ಈಗ ಪೂರಾ ತಿಳೀತು" ಎಂದು ಹೇಳಿ, ಪುಸ್ತಕಕ್ಕೆ ಇನ್ನೊಂದು ವಾರದ ಮುದತು ಬರೆಸಿಕೊಂಡು ಹೋದಳು.